ನಿಧಾನವಾಗಿ ಇಳಿಸು

ದುರ್ಗೇಶನಂಥ ಮೊಂಡನನ್ನು ನಾನು ನನ್ನ ಜನ್ಮದಲ್ಲಿ ನೋಡಿರಲಿಲ್ಲ. ದೊಮ್ಮಲೂರಿನಲ್ಲಿ ನಮ್ಮಪ್ಪನ ದನದ ಕೊಟ್ಟಿಗೆಗೆ ಹೊಸ ಶೀಟು ಹೊದಿಸಿ ನಾನು ಜಿಮ್ ತೆರೆದು ಹನ್ನೊಂದು ವರ್ಷವಾಗಿತ್ತು. ಸೋಮಾರಿಗಳನ್ನು ನೋಡಿದ್ದೆ, ಕನ್ನಡಿಯ ಮುಂದೆಯೇ ಒಂದು ಗಂಟೆ ಕಳೆದು ಮನೆಗೆ ಹೋಗುವವರನ್ನು ನೋಡಿದ್ದೆ. ಇವನು ಸೋಮಾರಿಯಲ್ಲ. ಬೆಳಗ್ಗೆ ನಾನು ಬೀಗ ತೆಗೆಯುವ ಮೊದಲೇ ಬಂದು ಬಾಗಿಲಲ್ಲಿ ಕೂತಿರುತ್ತಿದ್ದ. ಹಾಕಿದಷ್ಟು ತೂಕ ಎತ್ತುತ್ತಿದ್ದ, ಇನ್ನೆರಡು ಪ್ಲೇಟು ಹಾಕಿ ಎನ್ನುತ್ತಿದ್ದ. ಒಂದೇ ಒಂದು ಮಾತನ್ನು ಮಾತ್ರ ಕಿವಿಯ ಮೇಲೆ ಹಾಕಿಕೊಳ್ಳುತ್ತಿರಲಿಲ್ಲ. ನಿಧಾನವಾಗಿ ಇಳಿಸು ಎಂದು ದಿನಕ್ಕೆ ನೂರು ಸಲ ಹೇಳಿ ನನ್ನ ಗಂಟಲು ಕಟ್ಟಿತ್ತು.

ಅವನು ಯಾದಗಿರಿ ಕಡೆಯವನು. ಹೆಂಡತಿ ಲಕ್ಷ್ಮಿದೇವಿಯ ಜೊತೆ ಜೀವನ್ ಬಿಮಾ ನಗರದ ಅಂಚಿನಲ್ಲಿ ಒಂದು ಬಾಡಿಗೆ ಕೋಣೆಯಲ್ಲಿದ್ದ. ಕಟ್ಟಡಗಳಿಗೆ ಬರುವ ಲಾರಿಗಳಿಂದ ಸಿಮೆಂಟಿನ ಮೂಟೆ ಹೊರುವುದು ಅವನ ಕೆಲಸ. ಹತ್ತನೇ ಕ್ಲಾಸು ಪಾಸಾಗಿದ್ದ. ತೊಂಬತ್ತೊಂಬತ್ತನೇ ಇಸವಿಯಲ್ಲಿ ಕೆ.ಆರ್. ಪುರದ ಆಚೆಯ ಒಂದು ಸರ್ಕಾರಿ ಕಾರ್ಖಾನೆಯವರು ಕ್ರೀಡಾ ಕೋಟಾದಲ್ಲಿ ಪವರ್‌ಲಿಫ್ಟಿಂಗಿಗೆ ಒಬ್ಬನನ್ನು ತೆಗೆದುಕೊಳ್ಳುತ್ತೇವೆಂದು ಪ್ರಕಟಿಸಿದರು. ಖಾಯಂ ಕೆಲಸ, ಇರಲು ಕ್ವಾರ್ಟರ್ಸು. ವಯಸ್ಸು ಇಪ್ಪತ್ತೆಂಟು ದಾಟಿರಬಾರದು. ದುರ್ಗೇಶನಿಗೆ ಮುಂದಿನ ವರ್ಷ ದಾಟಿಹೋಗುತ್ತಿತ್ತು. ನವೆಂಬರಿನ ಕೊನೆಯ ಶನಿವಾರ ಆಯ್ಕೆ. ಅದೊಂದು ತಪ್ಪಿದರೆ ಅವನ ಬೆನ್ನಿನ ಮೇಲಿನ ಮೂಟೆ ಮುದುಕನಾಗುವವರೆಗೂ ತಪ್ಪುವುದಿಲ್ಲವೆಂದು ನನಗೂ ಗೊತ್ತಿತ್ತು, ಅವನಿಗೂ ಗೊತ್ತಿತ್ತು.

ತೊಡಕಿದ್ದುದು ಬಸ್ಕಿಯಲ್ಲಿ. ತೂಕದ ರಾಡನ್ನು ಹೆಗಲ ಮೇಲಿಟ್ಟುಕೊಂಡು ಪೂರ್ತಿ ಕೂರಬೇಕು, ಎದ್ದು ನಿಲ್ಲಬೇಕು. ದುರ್ಗೇಶ ಕೂರುತ್ತಿರಲಿಲ್ಲ, ಬೀಳುತ್ತಿದ್ದ. ದೊಪ್ಪನೆ ಬಿದ್ದು ಆ ರಭಸದಲ್ಲೇ ಮೇಲೆ ಪುಟಿಯುತ್ತಿದ್ದ. ನೂರೈವತ್ತು ಕಿಲೋದವರೆಗೆ ಈ ಆಟ ನಡೆಯಿತು. ಅದರ ಮೇಲೆ ಹೋದರೆ ಕೆಳಗೆ ಬೀಳುವಾಗಲೇ ಬೆನ್ನು ಬಾಗಿ, ರಾಡು ಕುತ್ತಿಗೆಯ ಕಡೆ ಉರುಳಿ, ಇಬ್ಬರು ಹಿಡಿದು ಅವನ ಜೀವ ಉಳಿಸಬೇಕಾಗುತ್ತಿತ್ತು. ಕಾರ್ಖಾನೆಯಲ್ಲಿ ಗೆಲ್ಲಲು ನೂರೆಂಬತ್ತಾದರೂ ಬೇಕಿತ್ತು.

ಒಂದು ದಿನ ಅವನು ಕೆಲಸ ಮಾಡುವಲ್ಲಿಗೇ ಹೋಗಿ ನೋಡಿದೆ. ಲಾರಿಯ ಮೇಲೆ ನಿಂತ ಇಬ್ಬರು ಮೂಟೆಯನ್ನು ಎತ್ತಿ ಬೆನ್ನಿಗೆ ಕೊಡುತ್ತಾರೆ. ಇವನು ಹೊತ್ತು ಒಳಗೆ ಹೋಗಿ ಭುಜ ಓರೆ ಮಾಡುತ್ತಾನೆ, ಮೂಟೆ ದೊಪ್ಪೆಂದು ಬಿದ್ದು ದೂಳೇಳುತ್ತದೆ. ಅಲ್ಲಿ ಎಲ್ಲರೂ ಮಾಡುವುದು ಹಾಗೆಯೇ. ಹತ್ತು ವರ್ಷದಲ್ಲಿ ಇವನು ಒಂದು ಭಾರವನ್ನೂ ತಾನಾಗಿ ಕೆಳಗಿಟ್ಟಿರಲಿಲ್ಲ. ಇವನ ತೊಡೆಗೆ ಹೊರುವುದು ಗೊತ್ತು, ತಡೆಯುವುದು ಗೊತ್ತಿಲ್ಲ.

ಮಾರನೆಯ ದಿನ ಕೂರಿಸಿಕೊಂಡು ತಿಳಿಸಿ ಹೇಳಿದೆ.

"ನೋಡು, ಸ್ನಾಯು ಎರಡು ಥರ ಕೆಲಸ ಮಾಡುತ್ತೆ. ಏಳುವಾಗ ಗಿಡ್ಡ ಆಗ್ತಾ ಎಳೆಯುತ್ತೆ. ಕೂರುವಾಗ ಉದ್ದ ಆಗ್ತಾ ತಡೆಯುತ್ತೆ. ಹಲಸೂರಲ್ಲಿ ಇಳಿಜಾರಿನ ಮೇಲೆ ತುಂಬಿದ ತಳ್ಳುಗಾಡಿ ಇಳಿಸ್ತಾರಲ್ಲ, ಹಿಂದಕ್ಕೆ ಜಗ್ತಾ ಜಗ್ತಾ ಮುಂದಕ್ಕೆ ಬಿಡ್ತಾರಲ್ಲ, ಹಾಗೆ. ಹಾಗೆ ತಡೆಯುವಾಗ್ಲೇ ಅದಕ್ಕೆ ಶಕ್ತಿ ಜಾಸ್ತಿ. ನೀನು ಎತ್ತೋಕಾಗದ ತೂಕವನ್ನೂ ಅದು ತಡೆದು ಇಳಿಸುತ್ತೆ. ಕಾಲು ಬೆಳೆಯೋದು ಅಲ್ಲೇ. ನೀನು ಅದನ್ನೇ ಬಿಟ್ಟುಬಿಟ್ಟಿದ್ದೀಯ."

ದುರ್ಗೇಶ ತಲೆ ಕೆರೆದುಕೊಂಡ. "ಎತ್ತೋದಷ್ಟ ನನ್ನ ಕೆಲಸ್ರಿ ಸರ. ಇಳಿಸೋದು ಭೂಮಿನ ಮಾಡ್ಕೋತದ."

ನನಗೆ ಎಲ್ಲಿತ್ತೋ ಸಿಟ್ಟು. ಅವತ್ತು ಹಟಕ್ಕೆ ಬಿದ್ದು, ನಾನು ಒಂದು ಎರಡು ಮೂರು ನಾಲ್ಕು ಐದು ಎಂದು ಎಣಿಸುತ್ತಾ, ಐದಕ್ಕೆ ಸರಿಯಾಗಿ ಕೆಳಗೆ ಮುಟ್ಟುವಂತೆ ಅವನ ಕೈಲಿ ಐವತ್ತು ಬಸ್ಕಿ ಹೊಡೆಸಿದೆ. ತೂಕ ಏನೂ ಹೆಚ್ಚಿರಲಿಲ್ಲ. ಮುಗಿಸಿ ನಗುತ್ತಾ ಹೋದ. ಇಂಥ ನೋವು ಅದೇ ಹೊತ್ತಿಗೆ ಬರುವುದಿಲ್ಲ, ಎರಡನೆಯ ದಿನ ಬಂದು ಕೂರುತ್ತದೆ. ಎರಡನೆಯ ದಿನ ದುರ್ಗೇಶ ಬರಲಿಲ್ಲ, ಲಕ್ಷ್ಮಿದೇವಿ ಬಂದಳು. ಚಪ್ಪಲಿ ಬಾಗಿಲಲ್ಲಿ ಬಿಟ್ಟು, ಸೆರಗು ಸೊಂಟಕ್ಕೆ ಸಿಕ್ಕಿಸಿ ನಿಂತಳು.

"ಅಣ್ಣಾರ, ನಮ್ಮ ಮನಿಯವರಿಗೆ ಏನು ಮಾಡೀರಿ? ಸಂಡಾಸಕ್ಕ ಕುಂತ್ರ ಏಳಾಕ ಬರವಲ್ದು. ನಾನು ರಟ್ಟಿ ಹಿಡಿದು ಎಬ್ಬಿಸಬೇಕಾತು."

"ಅದು ಒಳ್ಳೆಯ ನೋವಮ್ಮ. ಅಭ್ಯಾಸ ಇಲ್ಲದ ಸ್ನಾಯು ಒಳಗೊಳಗೆ ಸ್ವಲ್ಪ ಹರಿಯುತ್ತೆ, ಕೂಡಿಕೊಂಡಾಗ ಇನ್ನೂ ಗಟ್ಟಿಯಾಗುತ್ತೆ. ನಾಲ್ಕು ದಿನ ಕಾಲಲ್ಲಿ ಬಲ ಇರಲ್ಲ, ಅಷ್ಟೇ."

"ನಾಕು ದಿನ ಕಾಲಾಗ ಬಲ ಇರಲಿಲ್ಲಂದ್ರ ನಮ್ಮ ಒಲಿ ಹ್ಯಾಂಗ ಹತ್ತಬೇಕ್ರಿ?" ಎಂದು ಕೇಳಿದಳು.

ಆಮೇಲೆ ದುರ್ಗೇಶ ಕಳ್ಳಾಟ ಶುರುಮಾಡಿದ. ನಾನು ನೋಡುತ್ತಿದ್ದರೆ ನಿಧಾನ, ತಿರುಗಿದರೆ ದೊಪ್ಪ್. ನೋವು ಬಂದರೆ ಕೂಲಿ ಹೋಗುತ್ತದೆಂಬ ಭಯ ಅವನಿಗೆ. ನನಗೆ ಅದು ಅರ್ಥವಾಗುತ್ತಿತ್ತು, ಆದರೂ ಮೈಯೆಲ್ಲ ಉರಿಯುತ್ತಿತ್ತು. ಕೆಲಸವೇ ಬದಲಾಗುವ ಅವಕಾಶ ಕಣ್ಣೆದುರಿಗಿದೆ, ಈ ಮನುಷ್ಯ ನಾಳೆಯ ಮೂಟೆಯ ಲೆಕ್ಕ ಹಾಕುತ್ತಾನಲ್ಲ ಎಂದು ಹಲ್ಲು ಕಡಿಯುತ್ತಿದ್ದೆ. ಹೇಗೋ ಒದ್ದಾಡಿ ನೂರೆಂಬತ್ತನ್ನು ಹೊತ್ತು ಎರಡು ಸಲ ಎದ್ದ. ಎರಡು ಸಲವೂ ಅದು ದೇವರು ಎಬ್ಬಿಸಿದ್ದು.

ಆಯ್ಕೆಗೆ ಮೂರು ದಿನ ಮೊದಲು, ಬುಧವಾರ ಬೆಳಗ್ಗೆ, ನನ್ನ ಕಣ್ಣೆದುರೇ ನೂರ ನಲವತ್ತನ್ನು ಹೊತ್ತು ದೊಪ್ಪನೆ ಬಿದ್ದ. ಎದ್ದು ರಾಡನ್ನು ಸ್ಟ್ಯಾಂಡಿಗೆ ಎಸೆದ. ನನ್ನ ತಾಳ್ಮೆ ಅಲ್ಲಿಗೆ ಮುಗಿಯಿತು. ಇಡೀ ಜಿಮ್ಮಿನ ಎದುರು ಬಾಯಿಗೆ ಬಂದಂತೆ ಬೈದೆ.

"ಬಸ್ಕಿ ಒಂದೇ ಅಲ್ಲ ಕಣೋ. ಇವತ್ತಿಂದ ನೀನು ಏನೇ ಕೆಳಗಿಟ್ಟರೂ ನಿಧಾನವಾಗಿ ಇಡ್ಬೇಕು. ಐದು ಎಣಿಸಿ ಇಡ್ಬೇಕು. ಇಲ್ಲಾಂದ್ರೆ ನನಗೆ ಮುಖ ತೋರಿಸ್ಬೇಡ. ಎರಡು ದಿನ ಜಿಮ್ಮಿಗೆ ಬರ್ಬೇಡ, ಕಾಲಿಗೆ ರೆಸ್ಟ್ ಬೇಕು. ಶನಿವಾರ ನೇರ ಕಾರ್ಖಾನೆ ಹತ್ರ ಬಾ."

ದುರ್ಗೇಶ ತಲೆ ತಗ್ಗಿಸಿ, "ಆತ್ರಿ ಸರ," ಎಂದು ಹೋದ.

ಶನಿವಾರ ಹತ್ತು ಗಂಟೆಗೆ ಗೇಟಿನಲ್ಲಿ ಸಿಕ್ಕ. ಇಸ್ತ್ರಿ ಮಾಡಿದ ಅಂಗಿ ಹಾಕಿದ್ದ. ಮುಖ ಬಾಡಿದಂತಿತ್ತು, ಹೆದರಿಕೆ ಇರಬೇಕೆಂದುಕೊಂಡೆ. ಮೊದಲ ತೂಕ ಎಷ್ಟೆಂದು ನಾನೇ ಬರೆದುಕೊಟ್ಟೆ, ನೂರ ಎಪ್ಪತ್ತು. ಮೂರು ಅವಕಾಶ. ಬರೆದ ಮೇಲೆ ತೂಕ ಏರಿಸಬಹುದು, ಇಳಿಸುವ ಹಾಗಿಲ್ಲ. ಮೂರರಲ್ಲಿ ಒಂದಾದರೂ ಆಗದಿದ್ದರೆ ಅಲ್ಲಿಗೆ ಹೊರಗೆ.

ಹೆಸರು ಕೂಗಿದರು. ರಾಡಿನ ಕೆಳಗೆ ಹೆಗಲು ಕೊಟ್ಟು, ಎತ್ತಿಕೊಂಡು ಎರಡು ಹೆಜ್ಜೆ ಹಿಂದೆ ಬಂದ. ಕೂರತೊಡಗಿದ. ಬೆನ್ನು ನೆಟ್ಟಗೆ, ಮೊಣಕಾಲು ಅಲುಗಾಡದಂತೆ, ಒಂದೇ ಸಮನಾಗಿ, ನಾನು ಎರಡು ತಿಂಗಳಿಂದ ಬಾಯಿ ಬಡಿದುಕೊಂಡದ್ದು ಹೇಗೋ ಹಾಗೆಯೇ ಇಳಿದ. ಸಂತೋಷಕ್ಕೆ ನನ್ನ ಪಕ್ಕದಲ್ಲಿದ್ದ ಯಾರದೋ ತೋಳು ಹಿಡಿದುಕೊಂಡುಬಿಟ್ಟೆ. ದುರ್ಗೇಶ ಕೆಳಗೆ ಮುಟ್ಟಿದ. ಏಳಲು ನೆಲವನ್ನು ಒದ್ದ. ಒಂದು ಗೇಣು ಎದ್ದ. ಅಲ್ಲೇ ತೊಡೆ ಥರಥರ ನಡುಗಿ ನಿಂತುಹೋಯಿತು. ಇಬ್ಬರು ಓಡಿಬಂದು ರಾಡು ಹಿಡಿದರು.

ಎರಡನೆಯ ಸಲವೂ ಅಷ್ಟೇ ಆಯಿತು.

ಅವನನ್ನು ಗೋಡೆಯ ಪಕ್ಕಕ್ಕೆ ಎಳೆದುಕೊಂಡು ಹೋಗಿ ತೊಡೆಯ ಮೇಲೆ ಕೈಯಿಟ್ಟೆ. ಮುಟ್ಟಿದ ಕೂಡಲೇ ಮುಖ ಕಿವಿಚಿದ. ಬಾತುಕೊಂಡು ಕಲ್ಲಾಗಿತ್ತು.

"ಏನು ಮಾಡ್ಕೊಂಡೆ?"

"ಏನೂ ಇಲ್ರಿ ಸರ."

"ದುರ್ಗೇಶ, ಏನು ಮಾಡ್ದೆ ಹೇಳು."

ಅವನು ನೆಲ ನೋಡುತ್ತಾ ಹೇಳಿದ. "ಗುರುವಾರ ಎರಡು ಲಾರಿ ಬಂದಿದ್ವು. ನೀವು ಹೇಳಿದ್ರಲ್ರಿ, ಏನಿಟ್ರೂ ನಿಧಾನ ಇಡು ಅಂತ. ಹಂಗ ಇಟ್ಟೆ. ಒಂದೊಂದೂ ಐದು ಎಣಿಸಿ, ಕುಂತು, ನೆಲಕ್ಕ ಮುಟ್ಟಿಸಿ ಇಟ್ಟೆ. ಒಂದನ್ನೂ ಒಗೀಲಿಲ್ರಿ. ಜೊತಿಯವರು ನಕ್ಕರು, ನಗಲಿ ಬಿಡು ಅಂದೆ."

"ಎಷ್ಟು ಮೂಟೆ?"

"ನನ್ನ ಪಾಲಿಗೆ ಇನ್ನೂರು ಬಂದಿದ್ವು."

ಇನ್ನೂರು ಮೂಟೆ, ಒಂದೊಂದೂ ಐವತ್ತು ಕಿಲೋ. ಅಭ್ಯಾಸವೇ ಇಲ್ಲದ ತೊಡೆಯಲ್ಲಿ, ಆಯ್ಕೆಗೆ ಸರಿಯಾಗಿ ಎರಡು ದಿನ ಮೊದಲು. ಎರಡನೆಯ ದಿನ ಏನಾಗುತ್ತದೆಂದು ಚೆನ್ನಾಗಿ ಗೊತ್ತಿದ್ದವನು ನಾನು. ಜಿಮ್ಮಿಗೆ ಬರಬೇಡ ಎಂದವನು, ಕೆಲಸಕ್ಕೂ ಹೋಗಬೇಡ ಎನ್ನಬೇಕೆಂಬ ಬುದ್ಧಿ ನನಗೆ ಹೊಳೆಯಲಿಲ್ಲ. ಎರಡು ತಿಂಗಳು ನನ್ನ ಮಾತು ಕೇಳದವನು ಒಂದೇ ಒಂದು ದಿನ ಕೇಳಿದ್ದ. ಅವನನ್ನು ಬೈಯಲು ಬಾಯಿ ತೆರೆದೆ. ಬೈಸಿಕೊಳ್ಳಬೇಕಾದವನು ಅವನಲ್ಲ.

"ಮೂರನೇದು ಬೇಡ," ಎಂದೆ. "ಕಾಲು ಹರ್ಕೊಳ್ತೀಯ."

"ಒಂದು ಸಲ ನೋಡ್ತೀನ್ರಿ ಸರ. ಮುಂದಿನ ವರ್ಷ ಎಲ್ಲೈತ್ರಿ ನನಗ?"

ಮೂರನೆಯ ಸಲವೂ ಸಮನಾಗಿ ಇಳಿದ. ಮೇಜಿನ ಹಿಂದೆ ಕೂತಿದ್ದ ಹಿರಿಯರೊಬ್ಬರು ಮೆಚ್ಚಿ ತಲೆಯಾಡಿಸಿದ್ದು ಕಂಡಿತು. ಕೆಳಗೆ ಹೋದವನು ಮೇಲೆ ಬರಲಿಲ್ಲ. ಕೊರಳ ನರ ಉಬ್ಬಿ, ಕಣ್ಣು ಕೆಂಪಾಗಿ, ಒದ್ದಾಡಿದ. ರಾಡು ಹಿಡಿದವರು ಬಿಡು ಬಿಡು ಎಂದರೂ ಬಿಡಲಿಲ್ಲ. ಕೊನೆಗೆ ಅವರೇ ಕಿತ್ತುಕೊಂಡರು. ಪಟ್ಟಿಯಲ್ಲಿ ಅವನ ಹೆಸರಿನ ಮೇಲೆ ಗೆರೆ ಎಳೆದು ಮುಂದಿನವನನ್ನು ಕರೆದರು.

ಬಸ್‌ಸ್ಟಾಪಿನವರೆಗೆ ನಡೆದುಕೊಂಡು ಬಂದೆವು. ಹತ್ತು ನಿಮಿಷದ ದಾರಿ, ಅರ್ಧ ಗಂಟೆ ಹಿಡಿಯಿತು. ಫುಟ್‌ಪಾತಿನಿಂದ ಇಳಿಯುವಾಗೆಲ್ಲ ನನ್ನ ಭುಜ ಹಿಡಿದುಕೊಳ್ಳುತ್ತಿದ್ದ. ಲಕ್ಷ್ಮಿದೇವಿಗೆ ಏನು ಹೇಳುವುದೆಂದು ನಾನು ಯೋಚಿಸುತ್ತಿದ್ದೆ. ಅವನು ಬೇರೆ ಏನನ್ನೋ ಯೋಚಿಸುತ್ತಿದ್ದ.

"ಸರ, ಇಳಿಸಿದ್ದು ಬರೋಬ್ಬರಿ ಆಗಿತ್ತಲ್ರಿ?"

"ಆಗಿತ್ತು ಕಣೋ. ಅಷ್ಟು ಚೆನ್ನಾಗಿ ನಾನೂ ಯಾವತ್ತೂ ಇಳಿಸಿಲ್ಲ."

ಅವನ ಮುಖ ಸ್ವಲ್ಪ ಅರಳಿತು. ಅದನ್ನು ನೋಡಲಾರದೆ ನಾನು ಬಸ್ಸು ಬರುವ ಕಡೆ ತಿರುಗಿ ನಿಂತೆ. ಹಿಂದಿನಿಂದ ಮತ್ತೆ ಕೇಳಿದ.

"ಸೋಮವಾರ ಮತ್ತೊಂದು ಲೋಡ್ ಬರತದ್ರಿ. ಅದನ್ನೂ ಹಂಗ ಇಡ್ಲ್ಯಾ?"

"ಬೇಡ," ಎಂದೆ. "ಎಸೆದುಬಿಡು."