ಅರ್ಧ ದಿನದ ರಜೆ

"ಬಲಕ್ಕೆ ವಾಲ್ಯಾರೆ ನೋಡ್ರಿ, ನೆಟ್ಟಗೆ ಕೂರಿಸ್ರಿ!" ಎಂದು ದ್ಯಾಮಮ್ಮ ಅಳುತ್ತಲೇ ಕೂಗಿದಳು.

ಗಂಡ ಶಿವಕುಮಾರಪ್ಪನನ್ನು ಹೂವಿನ ವಿಮಾನದಲ್ಲಿ ಕೂರಿಸಿ, ಬಿದಿರಿಗೆ ಆನಿಸಿ, ಪಂಚೆಯಿಂದ ಕಟ್ಟುತ್ತಿದ್ದರು. ಹಣೆ ತುಂಬ ವಿಭೂತಿ. ಬದುಕಿದ್ದಾಗ ಇಷ್ಟು ಹೊತ್ತು ಬಾಯಿ ಮುಚ್ಚಿಕೊಂಡು ಕೂತವನೇ ಅಲ್ಲ ಪುಣ್ಯಾತ್ಮ.

ದ್ಯಾಮಮ್ಮನಿಗೆ ಬೇಕಾಗಿದ್ದದ್ದು ಒಂದೇ. ಹೊಳಲ್ಕೆರೆ ಪೇಟೆಯ ಸಹಕಾರಿ ಬ್ಯಾಂಕು ಇವತ್ತು ಬಾಗಿಲು ಹಾಕಬೇಕು. ಡೈರೆಕ್ಟರು ತೀರಿಕೊಂಡರೆ ಅರ್ಧ ದಿನ ರಜೆ ಕೊಡುವುದು ಅಲ್ಲಿನ ಪದ್ಧತಿ. "ನಾನು ಹೋದ ದಿನ ಆ ಶಟರು ಕೆಳಗಿಳೀಬೇಕು ಕಣೇ" ಎಂದು ಅವನು ಹೇಳಿ ಹೇಳಿ ಅವಳ ಕಿವಿ ತೂತಾಗಿತ್ತು. ತೊಡಕೆಂದರೆ, ಅವನ ಡೈರೆಕ್ಟರ್‌ಗಿರಿ ಹೋಗಿ ಏಳು ವರ್ಷವಾಗಿತ್ತು.

ಬ್ಯಾಂಕಿಗೆ ಕಳಿಸಿದ್ದ ತಮ್ಮನ ಮಗ, ವಕೀಲ ರಾಜಶೇಖರ್, ಬೆವರೊರೆಸುತ್ತ ಬಂದ.

"ಅಧ್ಯಕ್ಷರು ಆಗಲ್ಲ ಅಂತಾರೆ ಅತ್ತೆ. ಹಾಲಿ ಡೈರೆಕ್ಟರಿಗೆ ಮಾತ್ರ ಅಂತೆ."

"ಕೋರ್ಟಿಗೆ ಹಾಕು."

"ಮಧ್ಯಾಹ್ನ ಮಣ್ಣು ಐತೆ, ಈಗ ಯಾವ ಕೋರ್ಟಿಗೆ ಹೋಗ್ಲಿ? ಹೋದ್ರೂ ಅವತ್ತು ಮಾವಂಗೆ ಹೇಳಿದ್ದನ್ನೇ ಹೇಳ್ತಾರೆ."

*

ಅದು ತೊಂಬತ್ತಾರರ ಮಾತು. ಮಹಾಸಭೆಯಲ್ಲಿ ಸದಸ್ಯರಿಗೆ ಕೊಡುತ್ತಿದ್ದ ಕೇಸರಿಬಾತು ನಿಲ್ಲಿಸಿ ಅಧ್ಯಕ್ಷ ಗುರುಶಾಂತಪ್ಪ ಬಿಸ್ಕತ್ತು ಹಂಚಿಸಿದ. ಶಿವಕುಮಾರಪ್ಪ ರೇಗಿ ಜಗಳವಾಡಿ, "ಅವನಾಗಿ ಕರೆದ್ರೆ ಮಾತ್ರ ಇನ್ನು ಒಳಗೆ ಬರೋದು" ಎಂದು ಬ್ಯಾಂಕಿನ ಹೊರಗಿನ ಬೆಂಚಿನ ಮೇಲೆ ಕೂತುಬಿಟ್ಟ. ಆಡಳಿತ ಮಂಡಳಿಯ ಮೂರು ಸಭೆ ನಡೆದವು. ಮೂರಕ್ಕೂ ಇಸ್ತ್ರಿ ಅಂಗಿ ಹಾಕಿಕೊಂಡು ಬಂದು, ಕಿಟಕಿಯಿಂದಲೇ ತನ್ನ ಅಭಿಪ್ರಾಯ ಕೂಗಿ ಹೇಳಿದ. ಗುರುಶಾಂತಪ್ಪನೂ ಹಠಮಾರಿಯೇ, ಕರೆಯಲಿಲ್ಲ. ಸತತ ಮೂರು ಸಭೆಗೆ ಬಾರದವರ ಸ್ಥಾನ ಹೋಗುತ್ತದೆ ಎಂಬ ನಿಯಮ ತೋರಿಸಿ ತೆಗೆದೇ ಹಾಕಿದರು.

ಹೈಕೋರ್ಟಿಗೆ ಗಂಡ ಹೆಂಡತಿ ಇಬ್ಬರೂ ಹೋಗಿದ್ದರು. ಬ್ಯಾಂಕು ತನ್ನ ನಿಯಮ ಮೀರಿಲ್ಲ, ಮೀರದಿದ್ದರೆ ಅದರ ಒಳಾಡಳಿತದಲ್ಲಿ ಕೋರ್ಟು ಕೈ ಹಾಕುವುದಿಲ್ಲ, 'ಒಳಗೆ ಬನ್ನಿ' ಎಂದು ಕರೆಯಲು ಯಾರಿಗೂ ಆದೇಶ ಕೊಡಲಾಗದು ಎಂದರು ನ್ಯಾಯಾಧೀಶರು.

"ಹಂಗಾದ್ರೆ ಕೋರ್ಟು ಇರೋದ್ಯಾಕೆ?" ಎಂದ ಶಿವಕುಮಾರಪ್ಪ, ಬಸ್ಸಿನಲ್ಲಿ.

"ನೀವು ಎದ್ದು ನಾಲ್ಕು ಹೆಜ್ಜೆ ಒಳಗೆ ಹೋಗಿದ್ರೆ ಕೋರ್ಟು ಬೇಕಿತ್ತಾ?"

ಮುಖ ಊದಿಸಿಕೊಂಡು ಕಿಟಕಿಯ ಕಡೆ ತಿರುಗಿ ಕೂತ. ಹಿರಿಯೂರು ಬಂದಾಗ, "ರೊಟ್ಟಿ ಇನ್ನೊಂದು ಐತಾ?" ಎಂದ.

ಆಮೇಲೂ ದಿನಾ ಆ ಬೆಂಚಿಗೇ ಹೋದ. ಹಳ್ಳಿಯಿಂದ ಬಂದವರಿಗೆ ದಾರಿ ಹೇಳುತ್ತ, ಗುಮಾಸ್ತರನ್ನು ರೇಗಿಸುತ್ತ, ಎಲ್ಲರಿಗೂ ಚಹಾ ಹೇಳುತ್ತ ಅಲ್ಲೇ ಮುದುಕನಾದ.

*

ಮೆರವಣಿಗೆ ಬ್ಯಾಂಕಿನ ಮುಂದೆ ಬಂದಾಗ ಹೊತ್ತವರು ಹೆಗಲು ಬದಲಿಸಲು ನಿಂತರು. ಶಟರು ಪೂರ್ತಿ ಮೇಲಿತ್ತು. ದ್ಯಾಮಮ್ಮ ಮೆಟ್ಟಿಲ ಬುಡಕ್ಕೆ ಹೋಗಿ ಕೂಗಿದಳು.

"ಗುರುಶಾಂತಪ್ಪಾರೇ! ಏಳು ವರ್ಷ ನಿಮ್ಮ ಬಾಗಿಲು ಕಾದವ್ರೆ ಇವ್ರು. ಒಂದರ್ಧ ದಿನ ಮುಚ್ಚಕ್ಕಾಗಲ್ವಾ?"

ಗುರುಶಾಂತಪ್ಪ ಮೆಟ್ಟಿಲ ಮೇಲೆ ಬಂದು ನಿಂತ. ಕಣ್ಣು ಕೆಂಪಾಗಿದ್ದವು.

"ನಿಯಮ ಐತಮ್ಮ. ಅವನ್ನ ತೆಗೆದಿದ್ದೂ ನಿಯಮದ ಮೇಲೇ. ಇವತ್ತು ಅದನ್ನ ಮುರಿದ್ರೆ ಅವತ್ತು ಮಾಡಿದ್ದು ಏನಾತು? ಇವ್ನು ಅಲ್ಲಿಂದ್ಲೇ ನನ್ಮೇಲೆ ಕೇಸ್ ಹಾಕ್ತಾನೆ."

ಯಾರೋ ಕಿಸಕ್ಕೆಂದರು. ದ್ಯಾಮಮ್ಮನಿಗೂ ಅಳುವಿನ ನಡುವೆ ನಗು ಬಂದು, ಸೆರಗು ಬಾಯಿಗೆ ಅಡ್ಡ ಹಿಡಿದಳು.

ಗುರುಶಾಂತಪ್ಪ ಚಪ್ಪಲಿ ಬಿಟ್ಟು ಕೆಳಗಿಳಿದ. ಮುಂದಿನ ಬಿದಿರಿಗೆ ಹೆಗಲು ಕೊಟ್ಟ. "ರಜೆ ಕೊಡಂಗಿಲ್ಲ. ನಾನು ಹೋಗಾಕೆ ಯಾರ ಅಪ್ಪಣೆ ಬೇಕು? ನಡೀರಿ, ಹೋಗಾಣ."

ಅವನ ಹಿಂದೆ ಗಲ್ಲಾಪೆಟ್ಟಿಗೆಯ ಬೀಗದ ಕೈ ಸೊಂಟಕ್ಕೆ ಸಿಕ್ಕಿಸಿಕೊಂಡು ಕ್ಯಾಷಿಯರ್ ಇಳಿದ. ಗುಮಾಸ್ತರು ಇಳಿದರು. ಮ್ಯಾನೇಜರ್ ಕನ್ನಡಕ ಒರೆಸುತ್ತ ಬಂದ. ಜವಾನ ದುರುಗಣ್ಣ ಶಟರಿಗೆ ಕೈ ಹಾಕಿ, "ಎಳೀಲೇನ್ರಿ?" ಎಂದ.

"ಮುಟ್ಟಬ್ಯಾಡ! ಬಾ ನೀನೂ."

ಭಜನೆ ಜೋರಾಯಿತು. ತಿರುವಿನಲ್ಲಿ ದ್ಯಾಮಮ್ಮ ಹಿಂದಿರುಗಿ ನೋಡಿದಳು. ತೆರೆದ ಬ್ಯಾಂಕಿನಲ್ಲಿ ಫ್ಯಾನುಗಳು ಗಿರಗಿರ ತಿರುಗುತ್ತಿದ್ದವು. ತಾಳ್ಯದ ಕಡೆಯ ಹಳ್ಳಿಗ ಯಾರೋ ಒಬ್ಬ ಪಾಸ್‌ಬುಕ್ ಹಿಡಿದು, ಖಾಲಿ ಕೌಂಟರಿನೊಳಗೆ ಬಗ್ಗಿ ಕೂಗುತ್ತಿದ್ದ: "ಯಾರಾದ್ರೂ ಅದೀರೇನ್ರಿ?"