ಮಂಗ ಸಾಯದ ಊರು

ಊರಿಗೆ ವಾಪಸು ಬರಲು ನನಗೆ ಎರಡು ಕಾರಣಗಳಿದ್ದವು. ಒಂದು ಸರ್ಕಾರದ್ದು, ಇನ್ನೊಂದು ಮಾವನ ಮಗಳು ಶರಾವತಿ. ಆರೋಗ್ಯ ಇಲಾಖೆಯ ಕೆಲಸ ಅಂತ ಆರು ವರ್ಷ ನಾನು ಕಾರ್ಗಲ್, ಸಾಗರ ಸುತ್ತುತ್ತಿದ್ದಾಗ ಅವಳು ಬಂದ ಗಂಡುಗಳನ್ನೆಲ್ಲ ಒಂದೊಂದು ನೆಪ ಹೇಳಿ ವಾಪಸು ಕಳಿಸಿದ್ದಳು. ಅವಳಪ್ಪ ಧರ್ಮಪ್ಪ ನನ್ನ ಸೋದರಮಾವ. "ಊರೂರು ಅಲೆಯೋನಿಗೆ ಹೆಣ್ಣು ಕೊಡಾದಿಲ್ಲ. ಊರಿಗೆ ಬಾ ಶಂಭು, ಆಮೇಲೆ ಮಾತು" ಅಂದಿದ್ದರು. ಎಂಬತ್ತನಾಲ್ಕರ ಜನವರಿಯಲ್ಲಿ ಹೊಸನಗರದ ಕಡೆಗೆ ವರ್ಗ ಕೇಳಿದೆ. ಆ ಕೆಲಸಕ್ಕೆ ಯಾರೂ ತಾವಾಗಿ ಬರುತ್ತಿರಲಿಲ್ಲ, ಹಾಗಾಗಿ ತಕ್ಷಣ ಸಿಕ್ಕಿತು. ಸ್ವರ್ಗಕ್ಕೆ ಮೂರೇ ಗೇಣು ಅಂದುಕೊಂಡು ಬಂದೆ.

ಕೆಲಸ ಮಂಗನ ಕಾಯಿಲೆಯದು. ಕಾಡಿನಲ್ಲಿ ಮಂಗ ಸತ್ತರೆ ಅದರ ಮೈಮೇಲಿನ ಉಣುಗುಗಳು ಇಳಿದು ಮನುಷ್ಯರಿಗೆ ಕಚ್ಚುತ್ತವೆ. ಆಮೇಲೆ ಜ್ವರ, ಕೆಂಪು ಕಣ್ಣು, ಕೆಲವರಿಗೆ ಮೂಗು ಬಾಯಲ್ಲಿ ರಕ್ತ. ಔಷಧಿ ಇಲ್ಲ. ಮಂಗ ಎಲ್ಲಿ ಸತ್ತಿದೆ ಅಂತ ಬೇಗ ಗೊತ್ತಾದರೆ ಆ ಜಾಗಕ್ಕೆ ಉಣುಗು ಸಾಯುವ ಪುಡಿ ಹೊಡೆದು, ಜನ ಅತ್ತ ಸುಳಿಯದಂತೆ ತಡೆಯಬಹುದು. ನಮ್ಮ ಕೈಲಿದ್ದದ್ದು ಅಷ್ಟೇ.

ಬಂದ ವಾರದಲ್ಲೇ ತಪ್ಪು ಮಾಡಿದೆ. ಊರ ಮುಂದಿನ ಆಲದ ಮರದಡಿ ಒಂದು ಮುಸಿಯ, ಅಂದರೆ ಕರಿಮೂತಿಯ ದೊಡ್ಡ ಮಂಗ, ಸತ್ತು ಬಿದ್ದಿತ್ತು. ನಮ್ಮ ಕಡೆ ಮಂಗ ಸತ್ತರೆ ಹನುಮಪ್ಪನೇ ಹೋದಂತೆ. ಮೀಯಿಸಿ, ಹೊಸ ಬಟ್ಟೆ ಹೊದಿಸಿ, ಅರಿಶಿನ ಕುಂಕುಮ ಇಟ್ಟು ಮಣ್ಣು ಮಾಡುತ್ತಾರೆ. ನಾನು ಊರೆಲ್ಲ ನೋಡುತ್ತಿರುವಾಗಲೇ ಅದರ ಹೊಟ್ಟೆ ಸೀಳಿ, ಪರೀಕ್ಷೆಗೆ ಒಂದಿಷ್ಟು ಶೀಶೆಗೆ ಹಾಕಿಕೊಂಡು, ಉಳಿದದ್ದಕ್ಕೆ ಸೀಮೆಎಣ್ಣೆ ಹೊಯ್ದು ಸುಟ್ಟೆ. ಮಾಡಬೇಕಾದ ಕೆಲಸವೇ ಅದು. ಒಂದು ಮರೆ ಕಟ್ಟಿಕೊಳ್ಳುವಷ್ಟು ಬುದ್ಧಿ ನನಗಿರಲಿಲ್ಲ.

ಅಲ್ಲಿಂದಾಚೆ ನಮ್ಮೂರಲ್ಲಿ ಮಂಗಗಳು ಸಾಯುವುದು ನಿಂತುಹೋಯಿತು. ಯಾರ ಮನೆಗೆ ಹೋದರೂ ಚಾಪೆ ಹಾಸಿ, ಬೆಲ್ಲ ನೀರು ಕೊಟ್ಟು, "ಒಂದೂ ಸತ್ತಿಲ್ಲ ಮಾರಾಯ" ಎನ್ನುತ್ತಿದ್ದರು. ಸಿಟ್ಟು ನೆತ್ತಿಗೇರುತ್ತಿತ್ತು. ಸುಳ್ಳು ಹೇಳಿದರೆ ಸಾಯುವವರು ನೀವೇ ಅಂತ ರೇಗಾಡಿ ಬರುತ್ತಿದ್ದೆ. ಗುಡ್ಡದಲ್ಲಿ ಕೊಂಬೆ ಅಲುಗುತ್ತಿರಲಿಲ್ಲ, ಕಿಚಕಿಚ ಇರಲಿಲ್ಲ. ಹಿತ್ತಿಲುಗಳಲ್ಲಿ ಬಾಳೆಗೊನೆ ಮರದಲ್ಲೇ ಹಣ್ಣಾಗಿ ನೇತಾಡುತ್ತಿತ್ತು, ಕೀಳಲು ಒಂದು ಮಂಗವೂ ಇಳಿಯಲಿಲ್ಲ. ಆ ಹಳದಿ ಗೊನೆಗಳನ್ನು ಕಂಡರೆ ನನಗೆ ಹೆದರಿಕೆಯಾಗುತ್ತಿತ್ತು.

ಮಾವ ಮದುವೆಗೇನೋ ಒಪ್ಪಿದರು, ಆದರೆ ಒಂದು ಷರತ್ತು ಹಾಕಿದರು. "ಮದ್ವೆ ಮುಗಿಯೋವರ್ಗೆ ನೀನು ಹೆಣ ಮುಟ್ಟಂಗಿಲ್ಲ. ಮಂಗಂದೂ ಹೆಣವೇ. ಮುಟ್ಟಿದ್ದು ಗೊತ್ತಾತು ಅಂದ್ರೆ ಹೆಣ್ಣು ಕೊಡಾದಿಲ್ಲ."

"ಕಂಡೂ ಕಂಡೂ ಬಿಟ್ರೆ ಜನ ಸಾಯ್ತಾರೆ ಮಾವ."

"ಶುಭ ನುಡಿಯೋ ಸೋಮ ಅಂದ್ರೆ ಗೂಬೆ ಕಾಣ್ತೈತೆ ಮಾಮ ಅಂದ್ನಂತೆ. ಹಂಗಾತು ನಿಂದು."

ಬಾಗಿಲ ಹಿಂದೆ ನಿಂತಿದ್ದ ಶರಾವತಿ ನಕ್ಕಳು. ಆ ನಗು ಕೇಳಿ ನಾನು ಹೂಂ ಅಂದುಬಿಟ್ಟೆ. ಮಾತು ಉಳಿಸಿಕೊಳ್ಳುವ ಮನಸ್ಸು ನನಗಿರಲಿಲ್ಲ, ಅದು ಅವಳಿಗೂ ಗೊತ್ತಿತ್ತು.

ಮದುವೆಗೆ ಆರು ದಿನ ಇರುವಾಗ, ಒಂದು ಗುರುವಾರ ಬೆಳಿಗ್ಗೆ, ಚಪ್ಪರದ ಕೆಲಸಕ್ಕೆ ಕೈ ಹಾಕೋಣ ಅಂತ ಹೋದೆ. ಕೊಟ್ಟಿಗೆಯ ಹಿಂದೆ ಬೇಲಿಯ ಬುಡದಲ್ಲಿ ಹೊಸ ಮಣ್ಣಿನ ದಿಬ್ಬ ಕಾಣಿಸಿತು. ಮೇಲೆ ಕುಂಕುಮ, ಬಾಡಿದ ದಾಸವಾಳ.

"ಇದೆಂತ ಮಾವ?"

"ನಾಯಿ ಸತ್ತಿತ್ತು."

ಮಾವನ ನಾಯಿ ನನ್ನ ಕಾಲು ಮೂಸುತ್ತ ಬಾಲ ಅಲ್ಲಾಡಿಸುತ್ತಿತ್ತು. ಇದನ್ನು ಮುಟ್ಟಿದವರು ಯಾರು ಅಂತ ಕೇಳಿದೆ. ಹಿರಿಯರೆಂಬ ಮರ್ಯಾದೆಯೂ ಇಲ್ಲದೆ ಮತ್ತೆ ಮತ್ತೆ ಕೇಳಿದೆ. ಉತ್ತರ ಬಂದದ್ದು ಹಿತ್ತಿಲ ಬಾಗಿಲಿಂದ.

"ನಾನು" ಅಂದಳು ಶರಾವತಿ. "ಅಪ್ಪ ಗುಂಡಿ ತೋಡಿದ್ದಷ್ಟೆ. ಹೋದ ಶುಕ್ರವಾರ ಹಲಸಿನ ಮರದಿಂದ ಬಿತ್ತು ಭಾವ. ಜೀವ ಇತ್ತು, ಬಾಯಿ ಬಾಯಿ ಬಿಡ್ತಿತ್ತು. ತೊಡೆ ಮೇಲೆ ಹಾಕ್ಕಂಡು ನೀರು ಕುಡಿಸ್ದೆ. ಅಲ್ಲೇ ಹೋತು. ನಾನೇ ಮೀಯಿಸ್ದೆ."

"ನಂಗ್ಯಾಕೆ ಹೇಳ್ಲಿಲ್ಲ?"

"ಹೇಳಿದ್ರೆ ನೀವು ಮುಟ್ತಿದ್ರಿ. ಮುಟ್ಟಿದ್ರೆ ಅಪ್ಪ ಮದ್ವೆ ಬ್ಯಾಡ ಅಂತಿದ್ರು. ಆರು ವರ್ಷ ಕಾದೀನಿ ಭಾವ."

ಅವಳ ಕಣ್ಣು ಕೆಂಪಾಗಿತ್ತು. ಒಲೆಯ ಹೊಗೆ ಇರಬೇಕು ಅಂತ ಸಮಾಧಾನ ಮಾಡಿಕೊಳ್ಳಲು ನೋಡಿದೆ. ಮೈ ಹೇಗಿದೆ ಅಂತ ಕೇಳಿದೆ. ನಿನ್ನೆಯಿಂದ ತಲೆನೋವು, ಸೊಂಟ ಹಿಡಿದುಕೊಂಡಿದೆ, ಬಿಸಿಲಿಗೆ ಇರಬೇಕು ಅಂದಳು. ಹತ್ತಿರ ಹೋಗಿ ಹಣೆಯ ಮೇಲೆ ಕೈಯಿಟ್ಟೆ. ಅವಳನ್ನು ನಾನು ಮುಟ್ಟಿದ್ದು ಅದೇ ಮೊದಲು. ಹಣೆ ಕಾದ ಹೆಂಚಿನ ಹಾಗಿತ್ತು. ಕೈ ತೆಗೆಯಲು ಮನಸ್ಸಾಗಲಿಲ್ಲ. ಅವಳು ನನ್ನ ಮುಖವನ್ನೇ ನೋಡುತ್ತಿದ್ದಳು. ಅಲ್ಲಿ ಏನು ಕಂಡಳೋ, ನಾಚಿಕೆಯಿಂದ ಅರಳಿದ್ದ ಮುಖ ಮೆಲ್ಲಗೆ ಬಿಳಿಚಿಕೊಂಡಿತು.

"ಆಸ್ಪತ್ರೆಗೆ ಹೋಗಿ ಬರೋಣ, ಸೀರೆ ಬದಲಾಯ್ಸಿ ಬಾ" ಅಂದೆ. ಅವಳು ಒಳಗೆ ಹೋದಳು.

ಮಾವ ಹತ್ತಿರ ಬಂದರು. ದನಿ ತಗ್ಗಿಸಿ, "ಮದ್ವೆ ಹೊತ್ತಿಗೆ ಹುಷಾರಾಗ್ತಾಳಲ್ಲ?" ಅಂತ ಕೇಳಿದರು. ಏನು ಹೇಳಬೇಕು ಅಂತ ನನಗೆ ಗೊತ್ತಿತ್ತು. ಅದನ್ನೇ ಒಂದು ತಿಂಗಳಿಂದ ಮನೆ ಮನೆಗೆ ಹೋಗಿ ಹೇಳುತ್ತಿದ್ದೆ.

"ಆಗ್ತಾಳೆ ಮಾವ. ಬರೀ ಬಿಸಿಲ ಜ್ವರ" ಅಂದೆ.

ಹನ್ನೊಂದರ ಬಸ್ಸಿಗೆ ಅವಳನ್ನು ಮೆಲ್ಲಗೆ ನಡೆಸಿಕೊಂಡು ಹೊರಟೆ. ಮಾವ ಕಣ್ಣೊರೆಸಿಕೊಂಡು ಏಣಿ ಹತ್ತಿದರು, ಚಪ್ಪರಕ್ಕೆ ಸೊಪ್ಪು ಹೊದಿಸತೊಡಗಿದರು.