ಶೇಕಡಾ ಅರವತ್ತಮೂರರಲ್ಲಿ ನಿಂತ ಊರು

೧

ಎಲ್ಲಿಂದ ಶುರು ಮಾಡಲಿ, ನೀವೇ ಹೇಳಿ. ‘ಒಂದಾನೊಂದು ಕಾಲದಲ್ಲಿ ಒಂದು ಗೇಮ್ ಕನ್ಸೋಲ್ ಇತ್ತು’ ಅಂದರೆ ನಗುತ್ತೀರಿ. ‘ಹೆಂಡತಿ ಮನೆಯಲ್ಲಿ ಇಲ್ಲದ ಶನಿವಾರ ಗಂಡನಿಗೆ ಬುದ್ಧಿ ಬಂತು’ ಅಂದರೆ ಮುಂದೇನು ಅಂತ ನಿಮಗೆ ಈಗಲೇ ಗೊತ್ತಾಗಿಬಿಡುತ್ತದೆ. ಮೂರನೆಯ ಆರಂಭವೂ ಒಂದಿತ್ತು. ಅದರಲ್ಲಿ ಕಿಟಕಿ, ಬಿಸಿಲುಕೋಲು, ಕೋಲಿನೊಳಗೆ ತೇಲುವ ಧೂಳು ಎಲ್ಲ ಇದ್ದವು. ಅಳಿಸಿ ಹಾಕಿದೆ. (ಧೂಳು ತೇಲಿಸಿದ ಕಥೆಗಳನ್ನು ಈಗಾಗಲೇ ನಾಲ್ಕು ಬರೆದಿದ್ದೇನೆ. ನಾಲ್ಕೂ ಸಂಪಾದಕರ ಬಳಿ ಹೋದಷ್ಟೇ ಬೇಗ ವಾಪಸ್ ಬಂದಿವೆ.)

ನೇರವಾಗಿ ಹೇಳಿಬಿಡುತ್ತೇನೆ. ಒಬ್ಬ ಲಿಫ್ಟ್ ಮೆಕ್ಯಾನಿಕ್ ಇದ್ದಾನೆ. ಇಪ್ಪತ್ತೆರಡು ವರ್ಷದಿಂದ ಅದೇ ಕೆಲಸ. ಮಹಡಿ ಮಹಡಿಗಳ ನಡುವೆ ಸಿಕ್ಕಿಹಾಕಿಕೊಂಡವರನ್ನು ಹೊರಗೆ ಕರೆತರುವುದು, ಕರೆತರುವವರೆಗೆ ಬಾಗಿಲ ಸಂದಿಯಿಂದ ಮಾತಾಡಿಸುತ್ತಾ ಇರುವುದು. ಅವನ ಹೆಂಡತಿ ಒಂದು ಲ್ಯಾಬಿನಲ್ಲಿ ರಕ್ತ ತೆಗೆಯುತ್ತಾಳೆ. ಸೂಜಿ ಚುಚ್ಚಿದ್ದೇ ಗೊತ್ತಾಗುವುದಿಲ್ಲ ಎಂದು ಜನ ಅವಳನ್ನೇ ಹುಡುಕಿಕೊಂಡು ಬರುತ್ತಾರೆ. ಇಬ್ಬರೂ ಒಳ್ಳೆಯವರು. ಒಳ್ಳೆಯವರ ಕಥೆ ಬರೆಯುವುದು ಎಷ್ಟು ಕಷ್ಟ ಅಂತ ಬರೆದವರಿಗೇ ಗೊತ್ತು.

೨

ಕಷ್ಟ ಏನು ಅಂತ ಮೊದಲೇ ಹೇಳುತ್ತೇನೆ. ಮುಚ್ಚಿಟ್ಟು ಕೊನೆಗೆ ತೆಗೆದು ತೋರಿಸುವ ಜಾಣತನ ನನಗಿಲ್ಲ.

ಹೆಂಡತಿಗೆ ಒಬ್ಬಳು ಅಕ್ಕ. ಓದುವ ಕಾಲಕ್ಕೆ ಇಬ್ಬರೂ ಒಂದೇ ಬಾಡಿಗೆ ಕೋಣೆಯಲ್ಲಿದ್ದರು, ಒಂದೇ ಕನ್ಸೋಲಿನಲ್ಲಿ ಆಡುತ್ತಿದ್ದರು. ಗುಂಡು ಹಾರಿಸುವ ಆಟವಲ್ಲ, ಊರು ಕಟ್ಟುವ ಆಟ. ನದಿ, ಸೇತುವೆ, ಅಂಚೆ ಕಚೇರಿ, ಆ ದಡದಲ್ಲಿ ಅಕ್ಕನ ಮನೆ, ಈ ದಡದಲ್ಲಿ ತಂಗಿಯ ಮನೆ. ಎಂಟು ತಿಂಗಳ ಹಿಂದೆ ಅವರ ಅಮ್ಮನಿಗೆ ಆಪರೇಷನ್ ಆಯಿತು. ಆಸ್ಪತ್ರೆಯಲ್ಲಿ ಜೊತೆಗಿದ್ದದ್ದು ಅಕ್ಕ. ತಂಗಿ ರಜೆ ಸಿಗದೆ ಇಲ್ಲಿಂದಲೇ ಫೋನಿಗೆ ಪಟ್ಟಿ ಕಳಿಸುತ್ತಿದ್ದಳು: ಇದು ಕೊಡು, ಅದು ಕೊಡಬೇಡ, ಆ ರಿಪೋರ್ಟ್ ಕೇಳು. ಹದಿನಾರನೆಯ ಪಟ್ಟಿಗೆ ಅಕ್ಕನಿಂದ ಉತ್ತರ ಬಂತು. “ಪಟ್ಟಿ ಕಳ್ಸೋದು ಸುಲಭ. ಬಂದು ನೋಡ್ಕೋ.” ಅಮ್ಮ ಹತ್ತು ದಿನಕ್ಕೆ ಎದ್ದು ಓಡಾಡಿದರು. ಅಕ್ಕತಂಗಿಯರ ಮಾತು ಮಾತ್ರ ಅವತ್ತು ಮಲಗಿದ್ದು ಇನ್ನೂ ಎದ್ದಿಲ್ಲ.

ಹೋದ ವಾರ ಬಟ್ಟೆ ಮಡಚುತ್ತಾ ಹೆಂಡತಿ ಅಂದಳು, “ಆ ಕನ್ಸೋಲ್ ಸರಿ ಇದ್ದಿದ್ರೆ ಒಂದ್ಸಲ ಊರು ನೋಡ್ಬೇಕಿತ್ತು ಕಣ್ರೀ. ಅಕ್ಕನ ಮನೆ ಇದೆ ಅಲ್ಲಿ.”

ಅಷ್ಟೇ ಅಂದಿದ್ದು. ಮೆಕ್ಯಾನಿಕ್‌ಗೆ ಅಷ್ಟು ಸಾಕಾಯಿತು.

೩

ಕನ್ಸೋಲ್ ಕಪಾಟಿನ ಮೇಲೆ ಹಳೆಯ ದಿಂಬಿನ ಕವರಿನೊಳಗಿತ್ತು. ಡಿಸ್ಕ್ ಓದುವ ಅದರ ಕಣ್ಣು ಹೋಗಿ ಮೂರು ವರ್ಷ. ಡಿಸ್ಕ್ ಹಾಕಿದರೆ ಕರಕರ ಅಂದು ವಾಪಸ್ ಉಗುಳುತ್ತಿತ್ತು. ಆದರೆ ಊರು ಡಿಸ್ಕ್‌ನಲ್ಲಿಲ್ಲ. ಆಡಿದ್ದೆಲ್ಲ ಕನ್ಸೋಲಿನ ಹೊಟ್ಟೆಯೊಳಗೇ ಸೇವ್ ಆಗಿದೆ. ತೊಂದರೆ ಇರುವುದು ಫರ್ಮ್‌ವೇರ್‌ನಲ್ಲಿ, ಅಂದರೆ ಕಂಪನಿಯವರು ಯಂತ್ರಕ್ಕೆ ಹುಟ್ಟಿನಿಂದಲೇ ಕೊಟ್ಟ ಬುದ್ಧಿಯಲ್ಲಿ. ಡಿಸ್ಕ್ ಇಲ್ಲದೆ ಆಟ ತೆರೆಯುವುದಿಲ್ಲ ಎಂಬ ಹಟ ಅದರದು. ಆ ಬುದ್ಧಿಯನ್ನು ತೆಗೆದು ಹವ್ಯಾಸಿಗಳು ಬರೆದ ಕಸ್ಟಮ್ ಫರ್ಮ್‌ವೇರ್ ಹಾಕಿದರೆ ಆಟವನ್ನು ಪೆನ್‌ಡ್ರೈವಿನಿಂದಲೇ ತೆರೆಯಬಹುದು. ಹುಟ್ಟುಗುಣ ಸುಟ್ಟರೂ ಹೋಗದು ಅನ್ನುತ್ತಾರೆ ಹಿರಿಯರು. ಇಂಟರ್‌ನೆಟ್‌ನ ಫೋರಮ್‌ನವರು, ಹೋಗುತ್ತದೆ, ಹನ್ನೊಂದೇ ಹೆಜ್ಜೆ ಅನ್ನುತ್ತಾರೆ.

ಮೆಕ್ಯಾನಿಕ್ ಆ ಹನ್ನೊಂದು ಹೆಜ್ಜೆಗಳನ್ನು ಪ್ರಿಂಟ್ ತೆಗೆಸಿಕೊಂಡ. ಶನಿವಾರ ಹೆಂಡತಿ ಲ್ಯಾಬಿಗೆ ಹೋದ ಮೇಲೆ ಊಟದ ಮೇಜನ್ನು ಒರೆಸಿ, ಕನ್ಸೋಲನ್ನು ಮಧ್ಯಕ್ಕಿಟ್ಟು, ಕಿವಿಗೆ ಪೆನ್ಸಿಲ್ ಸಿಕ್ಕಿಸಿಕೊಂಡ. ಒಂದು, ಪೆನ್‌ಡ್ರೈವ್ ಫಾರ್ಮ್ಯಾಟ್ ಮಾಡುವುದು. ಟಿಕ್. ಎರಡು, ಫೈಲುಗಳನ್ನು ಇಳಿಸಿಕೊಳ್ಳುವುದು. ಟಿಕ್. ಮೂರು, ಕಾಪಿ ಮಾಡುವುದು. ಕಾಪಿ ಮಾಡಿದ ಪ್ರತಿ ಫೈಲಿನ ಹೆಸರನ್ನೂ ಬೆರಳಿಟ್ಟು ಓದಿ ಎರಡು ಸಲ ತಾಳೆ ನೋಡಿದ.

(ನಿಮಗೆ ಆಕಳಿಕೆ ಬರುತ್ತಿದೆ ಅಲ್ಲವೇ? ನನಗೂ ಬಂತು.)

೫

ನಾಲ್ಕು ಎಲ್ಲಿ ಹೋಯಿತು ಅಂತ ಕೇಳುತ್ತೀರಿ. ಕತ್ತರಿಸಿದೆ. ಅದರಲ್ಲಿ ಅವನು ಮುಕ್ಕಾಲು ಗಂಟೆ ಕುಳಿತು ಏನೋ ಬ್ಯಾಕಪ್ ತೆಗೆಯುತ್ತಿದ್ದ, ಅಂದರೆ ಯಂತ್ರದಲ್ಲಿರುವುದನ್ನೆಲ್ಲ ಪೆನ್‌ಡ್ರೈವಿಗೆ ನಕಲು ಮಾಡುತ್ತಿದ್ದ. ಸುಮ್ಮನೆ ಕುಳಿತ ಮನುಷ್ಯ, ಪರದೆಯ ಮೇಲೆ ಸುಮ್ಮನೆ ತುಂಬುವ ಗೆರೆ. ಕಥೆ ಅಲ್ಲೇ ನಿದ್ದೆ ಹೋಗುತ್ತಿತ್ತು. ಓದುಗರ ಸಮಯಕ್ಕೆ ಬೆಲೆ ಕೊಡಬೇಕು ಎಂದು ಕಾರ್ಯಾಗಾರಗಳಲ್ಲಿ ಭಾಷಣ ಮಾಡುವವಳು ನಾನೇ.

ಹನ್ನೊಂದೂ ಕಾಲಿಗೆ ಅವನು ‘ಇನ್‌ಸ್ಟಾಲ್’ ಒತ್ತಿದ. ಟಿವಿಯ ಪರದೆ ಮೇಲೆ ನೀಲಿ ಗೆರೆಯೊಂದು ತೆವಳತೊಡಗಿತು. ಕೆಳಗೆ ದಪ್ಪಕ್ಷರದಲ್ಲಿ ಎಚ್ಚರಿಕೆ: ಕೆಲಸ ಮುಗಿಯುವವರೆಗೆ ಯಾವ ಕಾರಣಕ್ಕೂ ಕರೆಂಟ್ ತೆಗೆಯಬೇಡಿ. ಹತ್ತು, ಮೂವತ್ತು, ಐವತ್ತು. ಶೇಕಡಾ ಅರವತ್ತಮೂರಕ್ಕೆ ಬಂದು ನಿಂತಿತು.

ಒಂದು ನಿಮಿಷ ಆಯಿತು. ನಾಲ್ಕು ಆಯಿತು. ಹನ್ನೊಂದಾಯಿತು. ಒಳಗಿನ ಫ್ಯಾನು ಜೋರಾಗಿ ಕೂಗತೊಡಗಿತು. ಬಿಸಿಯಾಗಿದೆಯೇನೋ, ಹಿಂಭಾಗ ಮುಟ್ಟಿ ನೋಡೋಣ ಎಂದು ಮೆಕ್ಯಾನಿಕ್ ಕೈ ಚಾಚಿದ.

ಇಲ್ಲಿ ಸ್ವಲ್ಪ ನಿಲ್ಲಿ. ಈ ಕೈಯ ಬಗ್ಗೆ ನಿಮಗೆ ಹೇಳಬೇಕು. ಕೆಲಸಕ್ಕೆ ಸೇರಿದ ಮೊದಲ ದಿನವೇ ಅವನ ಗುರು ಹೇಳಿದ್ದರು, ‘ನಿಂತ ಯಂತ್ರ ನಿಂತಿದೆ ಅಂತ ನಂಬಬೇಡ. ಕೈ ಹಾಕೋ ಮುಂಚೆ ಕರೆಂಟ್ ತೆಗಿ.’ ಇಪ್ಪತ್ತೆರಡು ವರ್ಷದಲ್ಲಿ ಒಂದು ದಿನವೂ ಅವನು ಇದನ್ನು ಮೀರಿಲ್ಲ. ಮೀರಿದ ಇಬ್ಬರು ಸಹೋದ್ಯೋಗಿಗಳಿಗೆ ಈಗ ಹತ್ತು ಬೆರಳೂ ಪೂರ್ತಿ ಉಳಿದಿಲ್ಲ. ನಿಂತ ಯಂತ್ರ ಕಂಡರೆ ಅವನ ಬಲಗೈ ಚಾಚುವ ಮೊದಲೇ ಎಡಗೈ ಮೇನ್ ಸ್ವಿಚ್ ಹುಡುಕುತ್ತದೆ. ಅದಕ್ಕೆ ಅವನ ಅಪ್ಪಣೆಯೂ ಬೇಕಿಲ್ಲ.

ಬಲಗೈ ಕನ್ಸೋಲನ್ನು ಮುಟ್ಟುವಷ್ಟರಲ್ಲಿ ಎಡಗೈಯಲ್ಲಿ ಪ್ಲಗ್ ಇತ್ತು.

ಫ್ಯಾನಿನ ಸದ್ದು ನಿಂತಿತು. ಪರದೆ ಕಪ್ಪಾಯಿತು. ಮತ್ತೆ ಪ್ಲಗ್ ಹಾಕಿದ, ಗುಂಡಿ ಒತ್ತಿದ, ಕಾದ. ಮತ್ತೆ ಒತ್ತಿದ. ಪುಟ್ಟ ಕೆಂಪು ದೀಪವೂ ಹತ್ತಲಿಲ್ಲ.

೬

“ಮೇಡಂ.”

(ನನ್ನನ್ನೇ ಕರೆಯುತ್ತಿದ್ದಾನೆ. ಕೇಳಿಸದವಳಂತೆ ಟೈಪ್ ಮಾಡುತ್ತಿದ್ದೇನೆ.)

“ಮೇಡಂ, ನಾಲ್ಕನೇ ಹೆಜ್ಜೆ ನಾನು ಮಾಡಿದ್ದೆ. ಬ್ಯಾಕಪ್ ತೆಗ್ದಿದ್ದೆ. ಈಗ ನೋಡಿದ್ರೆ ಪೆನ್‌ಡ್ರೈವ್‌ನಲ್ಲಿ ಅದೊಂದೇ ಇಲ್ಲ.”

“ಅದು... ಕಥೆ ಎಳೀತಿತ್ತು ಕಣಪ್ಪ.”

“ನಿಮ್ಗೆ ಎಳೀತಿತ್ತು. ಅವ್ಳ ಊರು ಹೋಯ್ತು.”

“ಪ್ಲಗ್ ಕಿತ್ತವನು ನೀನು. ಕುಣಿಯಲಾರದವಳು ನೆಲ ಡೊಂಕು ಅಂದ ಹಾಗಾಯ್ತು.”

ಅವನು ಜಗಳಕ್ಕೆ ಬರಲಿಲ್ಲ. “ಹೌದು, ಕಿತ್ತಿದ್ದು ನಾನೇ” ಎಂದ. ಜಗಳವಾಡಿದ್ದರೆ ನನಗೆ ಎಷ್ಟೋ ಹಗುರವಾಗುತ್ತಿತ್ತು. ತಪ್ಪು ಒಪ್ಪಿಕೊಳ್ಳುವ ಪಾತ್ರದ ಎದುರು ಕೂತರೆ ಬರೆಯುವವಳಿಗೆ ಮುಖ ಎಲ್ಲಿಡಬೇಕೋ ತಿಳಿಯುವುದಿಲ್ಲ.

ಸಹಾಯ ಮಾಡೋಣ ಎಂದು ಹೀಗೊಂದು ವಾಕ್ಯ ಬರೆದೆ: ‘ಅವನು ಕನ್ಸೋಲನ್ನು ಮತ್ತೆ ದಿಂಬಿನ ಕವರಿನೊಳಗೆ ತುರುಕಿ, ಏನೂ ಆಗಿಲ್ಲವೆಂಬಂತೆ ಕಪಾಟಿನ ಮೇಲಿಟ್ಟ.’ ಅವನು ಕೈ ಕಟ್ಟಿ ಕುಳಿತುಬಿಟ್ಟ.

“ಇಡಲ್ಲ ಮೇಡಂ. ಲಿಫ್ಟ್‌ನಲ್ಲಿ ಸಿಕ್ಕೊಂಡೋರು ‘ಎಷ್ಟೊತ್ತಾಗುತ್ತೆ’ ಅಂತ ಕೇಳ್ತಾರೆ. ಒಂದು ಗಂಟೆ ಆಗೋದಿದ್ರೆ ಒಂದು ಗಂಟೆ ಅಂತಾನೇ ಹೇಳ್ತೀನಿ. ಐದು ನಿಮಿಷ ಅಂತ ಸುಳ್ಳು ಹೇಳಿದ್ರೆ ಆರನೇ ನಿಮಿಷಕ್ಕೆ ಅವ್ರಿಗೆ ಉಸಿರು ಕಟ್ಟುತ್ತೆ.”

ಆ ವಾಕ್ಯ ಅಳಿಸಿದೆ.

೭

ಒಂದೂವರೆಗೆ ಹೆಂಡತಿ ಬಂದಳು. ಮೇಜಿನ ಮೇಲಿದ್ದ ಕನ್ಸೋಲ್ ನೋಡಿದಳು, ಗಂಡನ ಮುಖ ನೋಡಿದಳು. ಅವನು ಎದ್ದು ನಿಂತು ಒಂದೇ ಉಸಿರಿಗೆ ಹೇಳಿದ: “ಊರು ತೋರಿಸ್ಬೇಕು ಅಂತ ಹೊರಟೆ. ಮಧ್ಯದಲ್ಲಿ ಕರೆಂಟ್ ತೆಗ್ದುಬಿಟ್ಟೆ. ಬ್ಯಾಕಪ್ ಇಲ್ಲ. ಎಲ್ಲಾ ಹೋಯ್ತು. ಇನ್ನು ಬರಲ್ಲ.” (ಬ್ಯಾಕಪ್ ಯಾಕಿಲ್ಲ ಎಂದು ಹೇಳಲಿಲ್ಲ. ನನ್ನ ಹೆಸರು ಎತ್ತಲೇ ಇಲ್ಲ. ಆ ಋಣ ನನ್ನ ಮೇಲಿದೆ.)

ಅವಳು ಬ್ಯಾಗ್ ಇಟ್ಟು ಸಿಂಕಿನ ಬಳಿ ಹೋಗಿ ಕೈ ತೊಳೆದಳು. ಲ್ಯಾಬಿನವರ ಅಭ್ಯಾಸ: ಬೆರಳ ಸಂದಿ, ಉಗುರು, ಮಣಿಕಟ್ಟು. ಇವತ್ತು ಎರಡು ಸಲ ತೊಳೆದಳು.

“ನನ್ನ ಕೇಳಿದ್ರಾ?”

“ಇಲ್ಲ.”

“ಕೇಳ್ಬೇಕಿತ್ತು.”

“ಕೇಳ್ಬೇಕಿತ್ತು.”

ಆಮೇಲೆ ಅವಳು ಅತ್ತಳು. ಹನಿಗಣ್ಣು, ನಡುಗುವ ತುಟಿ ಅಂತೆಲ್ಲ ಅಲಂಕಾರ ಬೇಡ, ಚೆನ್ನಾಗಿಯೇ ಅತ್ತಳು. ಟವೆಲಿನಲ್ಲಿ ಮೂಗು ಒರೆಸಿಕೊಂಡು ಹೇಳಿದಳು, “ಫೋನ್ ಮಾಡ್ದೆ ಅಕ್ಕನ ಮನೆಗೆ ಹೋಗೋಕೆ ನಂಗಿದ್ದ ದಾರಿ ಅದೊಂದೇ ಕಣ್ರೀ.”

ಗಂಡ ಒಂದು ಲೋಟ ನೀರು ತಂದುಕೊಟ್ಟ. ನನಗೆ ಮುಂದೇನು ಬರೆಯಬೇಕೋ ತೋಚಲಿಲ್ಲ. ತೋಚದಿದ್ದಾಗ ಕಥೆಗಾರರು ಮಾಡುವ ಕೆಲಸವನ್ನೇ ಮಾಡಿದೆ, ಮುಕ್ತಾಯಗಳನ್ನು ಹಂಚಲು ಹೊರಟೆ.

೮

ಮುಕ್ತಾಯ ಅ: ಕತ್ತರಿಸಿದ ನಾಲ್ಕನೆಯ ಭಾಗವನ್ನು ನಾನು ವಾಪಸ್ ಅಂಟಿಸುತ್ತೇನೆ. ಬ್ಯಾಕಪ್ ಬರುತ್ತದೆ, ಊರು ಬರುತ್ತದೆ, ಎಲ್ಲರೂ ಸುಖವಾಗಿರುತ್ತಾರೆ.

“ಬೇಡ ಮೇಡಂ” ಎಂದಳು ಹೆಂಡತಿ. ಅವಳಿಗೂ ನಾನು ಇರುವುದು ಗೊತ್ತು ಅಂತ ನನಗೆ ಗೊತ್ತಿರಲಿಲ್ಲ. “ಮದ್ವೆಯಾದ ಹದಿನಾಲ್ಕು ವರ್ಷದಲ್ಲಿ ಮೊದಲನೇ ಸಲ ಇವ್ರು ಎದ್ದು ನಿಂತು ತಪ್ಪು ಒಪ್ಕೊಂಡಿದ್ದಾರೆ. ಅದನ್ನ ನೀವು ಅಳಿಸ್ಬೇಡಿ.”

ಮುಕ್ತಾಯ ಆ: ಸಂದಿಯೊಂದರಲ್ಲಿ ಚಿಕ್ಕ ರಿಪೇರಿ ಅಂಗಡಿ. ಅಲ್ಲಿನ ಮುದುಕ ಕನ್ಸೋಲ್ ಬಿಚ್ಚಿ, ಕೂದಲಿನಷ್ಟು ಸಣ್ಣ ತಂತಿಗಳನ್ನು ಬೆಸೆದು, ಸತ್ತ ಊರನ್ನು ಎಬ್ಬಿಸುತ್ತಾನೆ.

“ಅರ್ಧ ಅಳಿಸಿ ಅರ್ಧ ಬರ್ದಿರೋ ಚಿಪ್‌ನಲ್ಲಿ ಹಳೇದು ಉಳಿಯಲ್ಲ” ಎಂದ ಮೆಕ್ಯಾನಿಕ್. “ಓದೋರಲ್ಲಿ ಗೊತ್ತಿರೋರು ಇರ್ತಾರೆ ಮೇಡಂ. ಮರ್ಯಾದೆ ಹೋಗುತ್ತೆ.” ಯಾರದು ಅಂತ ಹೇಳಲಿಲ್ಲ. ನನ್ನದೇ ಇರಬೇಕು.

ಮುಕ್ತಾಯ ಇ: ‘ಅವಳು ಕಣ್ಣೊರೆಸಿಕೊಂಡು ಅಕ್ಕನ ನಂಬರ್ ಒತ್ತಿದಳು.’

“ಯಾರು ಒತ್ತಿದ್ದು?” ಹೆಂಡತಿಯ ಮುಖ ಕೆಂಪಾಯಿತು. “ನೀವು ಬರ್ದ ತಕ್ಷಣ ನಾನು ಮಾಡ್ಬಿಡ್ಬೇಕಾ? ಮೊದ್ಲು ಸಿಟ್ಟು ಮಾಡ್ಕೊಂಡಿದ್ದು ಅವ್ಳು. ಏನಂತ ಮಾತು ಶುರು ಮಾಡ್ಲಿ? ‘ಅಕ್ಕ, ಹೇಗಿದೀಯ’ ಅಂತಾನಾ? ಎಂಟು ತಿಂಗಳಾದ್ಮೇಲೆ?”

ಮಾತು ಶುರು ಮಾಡುವ ಕಷ್ಟ ನನಗೆ ಹೇಳಿಕೊಡಬೇಕೇ? ಈ ಕಥೆಯ ಮೊದಲ ಪ್ಯಾರಾ ನೋಡಿ.

ನನ್ನ ಬುಟ್ಟಿ ಖಾಲಿಯಾಯಿತು. ಇನ್ನು ನೀವುಂಟು ನಿಮ್ಮ ಸಂಸಾರವುಂಟು ಎಂದು ನಾನು ಕೀಬೋರ್ಡಿನಿಂದ ಕೈ ತೆಗೆದೆ. ಮುಂದಿನದು ಅವರೇ ಮಾಡಿದ್ದು, ನಾನು ನೋಡಿ ಬರೆದದ್ದು.

೯

ಅವಳು ಡ್ರಾಯರಿನಿಂದ ದೊಡ್ಡ ಬಿಳಿ ಹಾಳೆಯೊಂದನ್ನು ತೆಗೆದು ಮೇಜಿನ ಮೇಲೆ ಹರಡಿದಳು.

“ಬರೀರಿ” ಎಂದಳು ಗಂಡನಿಗೆ. “ನಂಗೆ ಗೆರೆ ನೆಟ್ಟಗೆ ಬರಲ್ಲ. ಮರೆತುಹೋಗೋ ಮುಂಚೆ ಬರೀರಿ.”

ಅವನು ಸ್ಕೇಲ್ ತಂದ. ಲಿಫ್ಟಿನ ವೈರಿಂಗ್ ನಕ್ಷೆ ಬಿಡಿಸಿ ಪಳಗಿದ ಕೈ. ನದಿ ಬಂತು. “ಅಷ್ಟು ನೆಟ್ಟಗಿರ್ಲಿಲ್ಲ, ಇಲ್ಲಿ ಸೊಂಟ ತಿರುಗಿಸ್ತಿತ್ತು.” ಅಳಿಸಿ ತಿರುಗಿಸಿದ. ಸೇತುವೆ ಬಂತು. ಅಂಚೆ ಕಚೇರಿ, ಅದರ ಮುಂದೆ ಸದಾ ಗೊಣಗುವ ಆಮೆಯ ಅಂಗಡಿ. ಮೀನು ಹಿಡಿಯುವ ಕಲ್ಲು. ಪರೀಕ್ಷೆಯ ಹಿಂದಿನ ದಿನ ಅಕ್ಕತಂಗಿ ಓದುವುದು ಬಿಟ್ಟು ನೆಟ್ಟ ಹದಿಮೂರು ಗಿಡ. ಹೇಳುತ್ತಾ ಹೇಳುತ್ತಾ ಅವಳು ನಕ್ಕಳು. ಆಮೆಗೆ ಅಕ್ಕ ಇಟ್ಟಿದ್ದ ಅಡ್ಡಹೆಸರು ನೆನಪಾಗಿ ಮೇಜು ತಟ್ಟಿ ನಕ್ಕಳು. (ಆ ಹೆಸರು ನಿಮಗೆ ಹೇಳುವಂಥದ್ದಲ್ಲ.) ತಂಗಿಯ ಮನೆ ಬಂತು. ಕೊನೆಗೆ ಆ ದಡದಲ್ಲಿ ಅಕ್ಕನ ಮನೆಯ ನಾಲ್ಕು ಗೋಡೆ ಎದ್ದವು.

“ಬಾಗಿಲು ಯಾವ ಕಡೆ?”

ಮನೆ ಕಟ್ಟುವಾಗ ಬಾಗಿಲು ಎತ್ತ ಇರಲಿ ಎಂದು ಆ ಆಟ ಕೇಳುತ್ತಿತ್ತು.

“ನದಿ ಕಡೆ.” ಅವಳು ತಡೆದಳು. “ಅಲ್ಲ, ಸೇತುವೆ ಕಡೆ. ಅಯ್ಯೋ, ಮೂರ್ ಸಲ ಬದ್ಲಾಯಿಸಿದ್ಲು ರೀ. ನಾನು ಬರೋದು ಬಾಗಿಲಿಂದ ಕಾಣ್ಬೇಕು ಅಂತ ಒಂದ್ಸಲ. ನಾನು ಬರೋದು ಕಾಣ್ಲೇಬಾರ್ದು ಅಂತ ಒಂದ್ಸಲ. ಕೊನೇಗೆ ಎಲ್ಲಿಟ್ಲೋ.”

ಕಣ್ಣು ಮುಚ್ಚಿ ನೋಡಿದಳು. ಸೇತುವೆಯವರೆಗೆ ಹೋಗುತ್ತಿದ್ದಳು, ಅಲ್ಲಿಂದಾಚೆ ಆಗುತ್ತಿರಲಿಲ್ಲ.

“ಅಂದಾಜಿಗೆ ಎಲ್ಲೋ ಒಂದ್ಕಡೆ ಹಾಕಿ.”

“ಬಾಗಿಲು ಅಂದಾಜಿಗೆ ಹಾಕಲ್ಲ” ಎಂದ ಮೆಕ್ಯಾನಿಕ್.

ಆಮೇಲೆ ಇಬ್ಬರೂ ತಲೆಯೆತ್ತಿ ನನ್ನ ಕಡೆ ನೋಡಿದರು. “ನೀವೇ ಹೇಳಿ ಮೇಡಂ. ಬರ್ದೋರು ನೀವು. ನಿಮ್ಗೆ ಗೊತ್ತಿರುತ್ತಲ್ಲ.”

ಗೊತ್ತು ಮಾಡಿಕೊಳ್ಳುವುದು ನನಗೆಷ್ಟು ಹೊತ್ತಿನ ಕೆಲಸ? ‘ನದಿ ಕಡೆ’ ಎಂದು ಎರಡು ಪದ ಬರೆದರೆ ಮುಗಿಯಿತು. ನಕ್ಷೆ ಪೂರ್ತಿಯಾಗುತ್ತದೆ, ಗೋಡೆಗೆ ಏರುತ್ತದೆ, ನೀವು ‘ಪರವಾಗಿಲ್ಲ, ಚೆನ್ನಾಗಿ ಮುಗಿಸಿದ್ದಾಳೆ’ ಎಂದು ಪುಟ ಮಡಚುತ್ತೀರಿ. ಬೆರಳು ಕೀಲಿಯ ಮೇಲೆ ಹೋಗಿಯೂ ಇತ್ತು. ಆದರೆ ನಾನು ಹೇಳಿಬಿಟ್ಟರೆ ಅವಳು ಇನ್ಯಾರನ್ನೂ ಕೇಳಬೇಕಾಗಿಲ್ಲ. ಈಗಾಗಲೇ ಒಮ್ಮೆ ಅವಸರಪಟ್ಟು ಅವಳ ಊರು ಕಳೆದಿದ್ದೇನೆ. ಇದನ್ನೂ ಕಳೆಯಲಾರೆ.

“ನಂಗೊತ್ತಿಲ್ಲಮ್ಮ” ಎಂದೆ.

ಮೆಕ್ಯಾನಿಕ್ ಪೆನ್ಸಿಲ್ ಕೆಳಗಿಡಲಿಲ್ಲ. ಹೆಂಡತಿ ಫೋನ್ ಎತ್ತಿಕೊಂಡಳು, ಇಟ್ಟಳು, ನನ್ನನ್ನು ಒಂದು ಸಲ ದುರುಗುಟ್ಟಿಕೊಂಡು ನೋಡಿ ಮತ್ತೆ ಎತ್ತಿಕೊಂಡಳು. ಆಮೇಲೇನಾಯಿತು ಎನ್ನುತ್ತೀರಾ? ನನ್ನನ್ನು ಕೇಳಬೇಡಿ. ಆ ಮನೆಯ ಬಾಗಿಲು ಎತ್ತ ಇತ್ತು ಎಂದು ಬಲ್ಲವರು ಭೂಮಿಯ ಮೇಲೆ ಒಬ್ಬರೇ, ಮತ್ತು ಶನಿವಾರ ಮಧ್ಯಾಹ್ನ ಅವರು ಮನೆಯಲ್ಲೇ ಇರುತ್ತಾರೆ.